ಬಾಗಿಲಿನ ಬಣ್ಣ ಮತ್ತು ಬಿಟ್ಟಿ ಮ್ಯಾಚು

ದೊಡ್ಡಮ್ಮನ ಮನೆಯ ತಲೆಬಾಗಿಲು ಹಸಿರು ಬಣ್ಣದ್ದು. ಹಾಗೆಂದು ನನ್ನ ನೆನಪು. ನೀಲಿ ಎನ್ನುತ್ತಾಳೆ ಅಮ್ಮ. ನೀಲಿಯಾಗಿದ್ದದ್ದು ಕಿಟಕಿ, ಬಾಗಿಲಲ್ಲ ಎಂದು ನಾನು ವಾದಿಸುತ್ತೇನೆ. ವಾದ ಮುಗಿಯುವ ಮೊದಲೇ, ಕಿಟಕಿಗೆ ಬಣ್ಣವೇ ಇರಲಿಲ್ಲವಲ್ಲ ಎಂಬ ಅನುಮಾನ ನನಗೇ ಶುರುವಾಗುತ್ತದೆ. ಆದ್ದರಿಂದ ಮೊದಲೇ ಹೇಳಿಬಿಡುತ್ತೇನೆ: ಮುಂದೆ ನೀವು ಓದುವುದರಲ್ಲಿ ಕೆಲವು ವಿವರ ತಪ್ಪಿರಬಹುದು, ಒಬ್ಬರ ಮಾತು ಇನ್ನೊಬ್ಬರ ಬಾಯಿಗೆ ಹೋಗಿರಬಹುದು. ದಿನಚರಿ ಬರೆಯುವ ಅಭ್ಯಾಸ ನನಗೆ ಕಾಲೇಜಿನಿಂದಲೂ ಇದೆ. ಆದರೆ ಆ ವರ್ಷದ ಪುಟಗಳ ತುಂಬ ನನ್ನ ಎಂ.ಎ. ಪರೀಕ್ಷೆಯ ಗೋಳೇ ಇದೆ. ದೊಡ್ಡಮ್ಮನ ಬಾಗಿಲಿನ ಬಣ್ಣವನ್ನು ಬರೆದಿಡಬೇಕೆಂದು ಯಾರಿಗೆ ತಾನೇ ಹೊಳೆಯುತ್ತದೆ? ಅದನ್ನು ತೀರ್ಮಾನಿಸಬಲ್ಲ ಫೋಟೋಗಳು ಒಂದು ಕಾಲಕ್ಕೆ ಇದ್ದವು. ಒಂದೆರಡಲ್ಲ, ರಾಶಿ. ಅವು ಹೋದ ಬಗೆಯನ್ನು ನೆನೆದರೆ ಈಗಲೂ ಮೈ ಉರಿಯುತ್ತದೆ.

ಈಗ ನೆನೆಯುವಂತಾದದ್ದು ಹೋದ ಭಾನುವಾರ. ಮಧ್ಯಾಹ್ನ ನೆನೆಸಿದ ಅವರೆಕಾಳನ್ನು ಹಿದುಕುತ್ತಾ ಕೂತಿದ್ದೆ. ಕೈಯೆಲ್ಲ ಸೊಗಡಿನ ವಾಸನೆ. ಪಕ್ಕದಲ್ಲಿದ್ದ ಫೋನು ಟಿಣ್ ಎಂದಿತು. ನಮ್ಮ ಮನೆತನದ ವಾಟ್ಸಾಪ್ ಗುಂಪಿನಲ್ಲಿ ನಂಜುಂಡ ಮಾವ, ಅಂದರೆ ಅಮ್ಮನ ತಮ್ಮ, ಒಂದು ಲಿಂಕ್ ಕಳಿಸಿದ್ದರು. ಮೇಲೆ ಬೆಂಕಿಯ ಚಿತ್ರ, ಕೆಳಗೆ ಬ್ಯಾಟಿನ ಚಿತ್ರ, ನಡುವೆ 'ಇಂದಿನ ಮ್ಯಾಚ್ ಫ್ರೀ ಲೈವ್, ಒತ್ತಿ ನೋಡಿ'. ಕೈ ಅಂಟಾಗಿತ್ತು, ಒತ್ತಲಿಲ್ಲ. ಕೈ ತೊಳೆದಿದ್ದರೂ ಒತ್ತುತ್ತಿರಲಿಲ್ಲ. ಕಳಿಸಿದವರ ಹೆಸರನ್ನೇ ನೋಡುತ್ತಾ ಕೂತೆ. ಬೇರೆ ಯಾರೇ ಕಳಿಸಿದ್ದರೂ ಅಳಿಸಿ ಸುಮ್ಮನಾಗುತ್ತಿದ್ದೆ. ಲೋಕದಲ್ಲಿ ಈ ಲಿಂಕನ್ನು ಕಳಿಸಬಾರದವರು ಒಬ್ಬರೇ ಒಬ್ಬರಿದ್ದಾರೆ, ಕಳಿಸಿದವರು ಅವರೇ!

ಮಾವನದು ಕನಕಪುರದಲ್ಲಿ ಫೋಟೋ ಸ್ಟುಡಿಯೋ. ಎರಡು ಸಾವಿರದ ಇಸವಿ ಕಳೆದು ಏಳೆಂಟು ವರ್ಷವಾಗಿತ್ತು ಎಂದುಕೊಳ್ಳಿ. ಬೆಂಗಳೂರಿನ ದಾರಿಯ ಹಾರೋಹಳ್ಳಿಯಲ್ಲಿ ಕಾರ್ಖಾನೆಗಳು ಒಂದಾದಮೇಲೊಂದು ಏಳುತ್ತಿದ್ದ ಕಾಲ. ಕೆಲಸಕ್ಕೆ ಸೇರುವವರಿಗೆಲ್ಲ ಪಾಸ್‌ಪೋರ್ಟ್ ಸೈಜಿನ ಫೋಟೋ ಬೇಕು, ಸೇರಿದವರಿಗೆಲ್ಲ ಮದುವೆ. ಹೀಗಾಗಿ ಮಾವನಿಗೆ ಕೈತುಂಬ ಕೆಲಸ. ಅಂಗಡಿಯ ಮುಂದಿನ ಭಾಗದಲ್ಲಿ ಇಂಟರ್‌ನೆಟ್ ನೋಡುವವರಿಗೆಂದು ಎರಡು ಹಳೆಯ ಕಂಪ್ಯೂಟರು. ಒಳಗೆ ಹಂಸಗಳು ತೇಲುತ್ತಿರುವ ಕೊಳದ ಪರದೆ, ಅದರ ಮುಂದೊಂದು ಸ್ಟೂಲು. ಪರದೆಯ ಪಕ್ಕದಲ್ಲಿ, ಗಂಧದಕಡ್ಡಿಯ ಹೊಗೆ ಹಿಡಿದ ದೇವರ ಪಟದ ಕೆಳಗೆ, ಮಾವನ 'ದೊಡ್ಡ ಸಿಸ್ಟಮ್ಮು'. ಮದುವೆಯ ಫೋಟೋಗಳೆಲ್ಲ ಇದ್ದದ್ದು ಅದರಲ್ಲಿ. ಅದರ ಮೇಲೆ ನಾವ್ಯಾರೂ ಕೈ ಇಡುವಂತಿರಲಿಲ್ಲ. ಇಟ್ಟರೆ, "ಅಮ್ಮಿ, ಅದು ಆಟದ ಸಾಮಾನಲ್ಲ ಕಣೆ, ಊರೋರ್ ಮದ್ವೆಯೆಲ್ಲ ಅದ್ರೊಳಗವೆ" ಎಂದು ಗದರುತ್ತಿದ್ದರು. ಈ ಮಾತು ಮಾತ್ರ ನನಗೆ ಖಚಿತವಾಗಿ ನೆನಪಿದೆ, ಅಷ್ಟು ಸಲ ಕೇಳಿದ್ದೇನೆ.

ಅವರು ಕೆಲಸ ಮಾಡುವ ಕ್ರಮವೂ ನಿಮಗೆ ಗೊತ್ತಾಗಬೇಕು. ಮದುವೆ ಮುಗಿದ ಮಾರನೆಯ ದಿನ ಕ್ಯಾಮೆರಾದ ಕಾರ್ಡಿನಿಂದ ಫೋಟೋಗಳನ್ನೆಲ್ಲ ದೊಡ್ಡ ಸಿಸ್ಟಮ್ಮಿಗೆ ಇಳಿಸಿ, ಕಾರ್ಡನ್ನು ಅಳಿಸಿ, ಮುಂದಿನ ಮದುವೆಗೆ ಹೊರಡುವುದು. ಆಲ್ಬಮ್ಮಿಗೆ ಯಾವ ಫೋಟೋ ಎಂದು ಆರಿಸುವುದು ಆಷಾಢದಲ್ಲಿ. ನಮ್ಮ ಕಡೆ ಹೊಸ ಮದುವಣಗಿತ್ತಿ ಆಷಾಢಕ್ಕೆ ತವರಿಗೆ ಬರುತ್ತಾಳಲ್ಲ, ಆಗ ತಾಯಿ ಮಗಳು ಒಟ್ಟಿಗೆ ಸ್ಟುಡಿಯೋಗೆ ಬಂದು, ಇದಿರಲಿ, ಇದು ಬೇಡ, ಇದರಲ್ಲಿ ನಾದಿನಿ ಕಣ್ಣು ಮುಚ್ಚಿದ್ದಾಳೆ ಇರಲಿಬಿಡಿ ಎಂದು ನಗುತ್ತಾ ಆರಿಸುತ್ತಿದ್ದರು. ಆರಿಸಿದ ಮೇಲೆಯೇ ಮಾವ ಎಲ್ಲವನ್ನೂ ಒಂದು ಸೀಡಿಗೆ ಹಾಕಿ ಕೊಡುತ್ತಿದ್ದದ್ದು. ಅಲ್ಲಿಯವರೆಗೆ ವೈಶಾಖದ ಮದುವೆಗಳೆಲ್ಲ ಆ ಒಂದು ಪೆಟ್ಟಿಗೆಯೊಳಗೆ ಆಷಾಢಕ್ಕಾಗಿ ಕಾಯುತ್ತಿದ್ದವು.

ಆ ವೈಶಾಖದಲ್ಲಿ ದೊಡ್ಡಮ್ಮನ ಮಗಳು ಮಂಜುಳಳ ಮದುವೆಯಾಯಿತು. ದೊಡ್ಡಮ್ಮನೆಂದರೆ ನನ್ನ ಅಮ್ಮನಿಗೂ ನಂಜುಂಡ ಮಾವನಿಗೂ ಅಕ್ಕ. ಅವಳದು ಹಾರೋಹಳ್ಳಿಯ ಹತ್ತಿರದ ಹಳ್ಳಿ. ಅವರ ಹೊಲವೂ ಮನೆಯೂ ಕೈಗಾರಿಕಾ ಪ್ರದೇಶಕ್ಕೆ ಹೋಗುತ್ತದೆಂದು ಆಗಲೇ ಗೊತ್ತಾಗಿತ್ತು, ನೋಟಿಸುಗಳೂ ಬಂದಿದ್ದವು. ಬೀಗರು ಕನಕಪುರದ ಕಲ್ಯಾಣಮಂಟಪವೇ ಆಗಬೇಕೆಂದರು. ಜನ್ಮದಲ್ಲಿ ಯಾರಿಗೂ ಎದುರಾಡದ ದೊಡ್ಡಮ್ಮ ಆಗ ಒಂದೇ ಹಟ ಹಿಡಿದಳು: ಮನೆಯ ಮುಂದೆ ಚಪ್ಪರ ಹಾಕಿಯೇ ಮದುವೆ. "ಇನ್ನೆರಡು ತಿಂಗ್ಳಿಗೆ ಮನೆ ಇರಾಕಿಲ್ಲ. ಅಂಗಳಕ್ಕೆ ಒಂದ್ಸಲ ಚಪ್ಪರ ಕಾಣ್ಸನ" ಎಂದಳು. ಬೀಗರು ಗೊಣಗಿ ಒಪ್ಪಿದರು.

ಮದುವೆಯ ದಿನ ಅವಳು ಮಾವನ ಬೆನ್ನು ಬಿಡಲಿಲ್ಲ. ಹೆಣ್ಣು ಗಂಡಿನ ಫೋಟೋಗೆ ಜನ ಸಾಲುಗಟ್ಟಿದರೆ, ನೆಂಟರನ್ನು ತೋಳು ಹಿಡಿದು ಪಕ್ಕಕ್ಕೆ ಸರಿಸುತ್ತಿದ್ದಳು, ಹಿಂದಿನ ಗೋಡೆ ಕಾಣಲಿ ಎಂದು.

"ನಂಜುಂಡ, ಬಾಗ್ಲು ಬತ್ತದೇನ್ಲಾ?"

"ಬತ್ತದೆ ಕಣಕ್ಕ."

"ಹಜಾರದ್ ಕಂಬ?"

"ಅಕ್ಕ, ಮದ್ವೆ ಹೆಣ್ಣಿಂದಾ, ಹಜಾರದ್ದಾ?"

"ಹೆಣ್ಣು ಎಲ್ಗೋದ್ರೂ ಸಿಕ್ತಾಳೆ ಕಣಪ್ಪ. ಹಜಾರ ಸಿಕ್ತದಾ?"

ಎಲ್ಲರೂ ನಕ್ಕರು. ಮಾವನೂ ನಕ್ಕರು, ಆದರೆ ಹೇಳಿದ್ದನ್ನು ಮಾಡಿದರು; ಇದನ್ನು ನಾನು ಹೇಳದೆ ಹೋದರೆ ಅನ್ಯಾಯವಾದೀತು. ಊಟದ ಗದ್ದಲದಲ್ಲಿ ಒಬ್ಬರೇ ಮನೆಯೊಳಗೆ ಹೋಗಿ ಒಲೆ, ಅಟ್ಟ, ಒರಳುಕಲ್ಲು, ಕೊಟ್ಟಿಗೆ, ಹಿತ್ತಲಿನ ಸೀಬೆಮರ ಎಲ್ಲವನ್ನೂ ತೆಗೆದುಕೊಂಡು ಬಂದರು. ಕ್ಯಾಮೆರಾದ ಹಿಂದಿನ ಪುಟ್ಟ ತೆರೆಯಲ್ಲಿ ತೋರಿಸಿದಾಗ ದೊಡ್ಡಮ್ಮ ಅದರ ಮೇಲೆ ಬಗ್ಗಿ, ಏನೂ ಕಾಣದೆ, "ನಂಗೆ ಆಸಾಡ್ದಲ್ಲಿ ದೊಡ್ಡದಾಗ್ ತೋರ್ಸು, ಒಂದೊಂದೂ ನೋಡ್ತೀನಿ" ಎಂದಳು. ಜ್ಯೇಷ್ಠ ಮುಗಿಯುವ ಮೊದಲೇ ಅವರು ಹಾರೋಹಳ್ಳಿಯಲ್ಲಿ ಬಾಡಿಗೆ ಮನೆ ಹಿಡಿದರು. ಜೇಸಿಬಿ ಬಂತು, ಮನೆ ಹೋಯಿತು.

ಈಗ ಕ್ರಿಕೆಟ್ಟಿಗೆ ಬರಬೇಕು. ಆ ಬೇಸಿಗೆಯಲ್ಲಿ ಮ್ಯಾಚು ತೋರಿಸುತ್ತಿದ್ದ ಚಾನೆಲ್ಲಿಗೂ ನಮ್ಮ ಕೇಬಲ್ಲಿನವನಿಗೂ ಏನೋ ಜಗಳ. ಚಾನೆಲ್ಲು ಬರುತ್ತಿದ್ದ ಜಾಗದಲ್ಲಿ ಬರೀ ನೀಲಿ. (ಅದು ನೀಲಿಯೇ.) ಊರಿಗೆ ಊರೇ ಸಿಟ್ಟಾಗಿತ್ತು. "ಆಡೋರು ನಮ್ಮೋರು, ನೋಡೋರು ನಾವು, ಮಧ್ಯದಲ್ಲಿ ಇವ್ನ್ಯಾವನ್ರೀ ಬೀಗ ಹಾಕಾಕೆ?" ಎಂದು ಮಾವ ಬಂದವರನ್ನೆಲ್ಲ ಕೇಳುತ್ತಿದ್ದರು. ಆ ಪ್ರಶ್ನೆ ತಪ್ಪೆಂದು ನನಗೆ ಅವತ್ತೂ ಅನ್ನಿಸಲಿಲ್ಲ, ಇವತ್ತೂ ಅನ್ನಿಸುವುದಿಲ್ಲ. ಹೊಲದಲ್ಲಿ ರೇಡಿಯೋ ನೇತುಹಾಕಿಕೊಂಡು ಕೇಳುತ್ತಿದ್ದ ಆಟಕ್ಕೆ ಪೆಟ್ಟಿಗೆ, ಚಂದಾ, ಪ್ಯಾಕೇಜು ಎಂದು ಬೇಲಿ ಹಾಕಿದವರ ಮೇಲೆ ನನಗೂ ಸಿಟ್ಟಿದೆ. ಆದರೆ ಬೇಲಿ ಹಾಕಿದವರ ಮೇಲಿನ ಸಿಟ್ಟು ಒಂದು. ಬೇಲಿಯ ಸಂದಿನಲ್ಲಿ ಕೂತು 'ಬನ್ನಿ, ಬಿಟ್ಟಿಯಾಗಿ ಒಳಗೆ ಬಿಡುತ್ತೇನೆ' ಎಂದು ಕೈ ಬೀಸುವವರ ಮೇಲಿನ ಸಿಟ್ಟೇ ಬೇರೆ.

ದೊಡ್ಡಮ್ಮನ ಮನೆ ಬಿದ್ದ ಮೇಲಿನ ಒಂದು ಭಾನುವಾರ, ಬೆಂಗಳೂರಿನಲ್ಲಿ ಓದುತ್ತಿದ್ದ ನಾನು ಯಾವುದೋ ಅರ್ಜಿಗೆ ಫೋಟೋ ಬೇಕೆಂದು ಸ್ಟುಡಿಯೋಗೆ ಹೋಗಿದ್ದೆ. ಮುಂದಿನ ಹಳೆಯ ಕಂಪ್ಯೂಟರಿನ ಸುತ್ತ ಕಾರ್ಖಾನೆಯ ನಾಲ್ಕೈದು ಜನ. ವಾರದ ರಜೆ. ಕೆಂಪರಾಜು ಎಂಬಾತ ಇಂಟರ್‌ನೆಟ್ಟಿನಲ್ಲಿ ಮ್ಯಾಚನ್ನು ಬಿಟ್ಟಿ ತೋರಿಸುವ ಜಾಗವೊಂದನ್ನು ಪತ್ತೆ ಮಾಡಿಕೊಂಡು ಬಂದಿದ್ದ. ಚಿತ್ರ ಅಂಚೆಚೀಟಿಯಷ್ಟು. ಸುತ್ತಲೂ ಅರೆಬೆತ್ತಲೆ ಹೆಂಗಸರ ಜಾಹೀರಾತು, ಮುಚ್ಚಲು ಹೋದರೆ ಇನ್ನೆರಡು. ನಾನು ಒಳಗೆ ಬಂದದ್ದನ್ನು ಕಂಡು ಅವರೆಲ್ಲ ಮುಜುಗರದಿಂದ ಜಾಹೀರಾತಿನ ಮೇಲೆ ಕೈ ಅಡ್ಡ ಇಟ್ಟರು. ಅದರಿಂದ ಮ್ಯಾಚೂ ಮುಚ್ಚಿಹೋಯಿತು. ಬೌಲರು ಓಡಿಬಂದವನು ಕೈ ಎತ್ತಿ ನಿಂತುಬಿಡುತ್ತಿದ್ದ.

"ಲೇ, ಯಾವಾಗ್ಲಾ ಹಾಕ್ತಾನೆ ಇವ್ನು ಬಾಲು?"

"ಕೈ ನೋವು ಕಣ್ಲಾ. ಒಸಿ ಸುಧಾರ್ಸ್ಕತಾವ್ನೆ."

ಪಕ್ಕದ ತಿಮ್ಮಣ್ಣನ ಕ್ಷೌರದಂಗಡಿಯಲ್ಲಿ ರೇಡಿಯೋ ಹಾಕಿದ್ದರು. ಅಲ್ಲಿಂದ ಹೋ ಎಂಬ ಕೂಗು ಕೇಳಿ, ಇಲ್ಲಿ ಬಾಲು ಬೀಳುವ ಮೊದಲೇ ಬೌಂಡರಿ ಆಗಿದೆ ಎಂದು ಎಲ್ಲರಿಗೂ ಗೊತ್ತಾಗಿ, ಆಮೇಲೆ ಅದು ಆಗುವುದನ್ನು ನಾವು ಕಾದು ನೋಡುತ್ತಿದ್ದೆವು. 'ನೋಡುತ್ತಿದ್ದೆವು' ಎಂದೆ. ಹೌದು, ನಾನೂ ನೋಡಿದೆ. ಎಲ್‌ಬಿಡಬ್ಲ್ಯು ಎಂದರೇನೆಂದು ಇಂದಿಗೂ ತಿಳಿಯದ ನಾನು ಅಂದು ಅಂಪೈರಿಗೆ ಬೈದದ್ದು ನೆನಪಿದೆ.

"ನಂಜುಂಡಣ್ಣ, ಒಳ್ಗೆ ಅಷ್ಟ್ ದೊಡ್ ಸಿಸ್ಟಮ್ ಮಡಿಕ್ಕಂಡು ನಮ್ನ ಈ ಡಬ್ಬದ್ ಮುಂದೆ ಕೂರ್ಸಿದ್ದೀಯಲ್ಲ, ಪಾಪ ಬರಾಕಿಲ್ವಾ?" ಎಂದ ಕೆಂಪರಾಜು.

"ಅದ್ರಲ್ಲಿ ಫೋಟೋಗಳವೆ."

"ಫೋಟೋ ಎಲ್ಗೋಯ್ತವೆ ಬುಡಣ್ಣ! ನೋಡ್ಕಂಡ್ ಎದ್ದೋಗ್ತೀವಿ."

ಮಾವ ಒಮ್ಮೆ ಇಲ್ಲವೆಂದರು. ತಿಮ್ಮಣ್ಣನ ಅಂಗಡಿಯಿಂದ ಮತ್ತೊಂದು ಕೂಗು ಬಂತು. ಮಾವ ಎದ್ದರು.

ದೊಡ್ಡ ಸಿಸ್ಟಮ್ಮಿನಲ್ಲಿ ಆ ಜಾಗ ತೆರೆದಾಗ, ಚಿತ್ರ ದೊಡ್ಡದಾಗಿ ಬರಬೇಕಾದರೆ ಒಂದು ಪ್ಲೇಯರ್ ಹಾಕಿಕೊಳ್ಳಿ ಎಂದಿತು. ಹಾಕಿಕೊಳ್ಳಲು ಹೋದರೆ ಆ್ಯಂಟಿವೈರಸ್ಸು ಕೆಂಪಗೆ ಕಿರುಚಿತು. ಆ ಜಾಗದಲ್ಲಿ ಅದಕ್ಕೂ ಉಪಾಯ ಬರೆದಿತ್ತು: ಆ್ಯಂಟಿವೈರಸ್ ಆಫ್ ಮಾಡಿ, ಮತ್ತೆ ಪ್ರಯತ್ನಿಸಿ. ಈ ನಯವಾದ ಸಾಲನ್ನು ಯೋಚಿಸಿ ನೋಡಿ. ಮನೆಗೆ ಬಂದವನು, 'ನಿಮ್ಮ ನಾಯಿ ಬೊಗಳುತ್ತಿದೆ, ಕಟ್ಟಿಹಾಕಿದರೆ ಒಳಗೆ ಬರುತ್ತೇನೆ' ಎಂದು ಕೇಳಿದರೆ ನಾವು ಬಿಡುತ್ತೇವೆಯೇ? "ಏನಂತೆ ಅಮ್ಮಿ, ಓದು" ಎಂದರು ಮಾವ. ಓದಿದೆ. ಹಾನಿಯಾಗಬಹುದು ಅಂತಿದೆ ಮಾವ, ಬೇಡ ಎಂದೆ. "ಅದು ಎಲ್ಲಾದ್ಕೂ ಹಂಗೇ ಅಂತದೆ" ಎಂದು ಒತ್ತಿದರು.

'ಬೇಡ' ಎಂದು ನಾನು ನಿಜಕ್ಕೂ ಹೇಳಿದೆನೇ? ಈ ಪ್ರಶ್ನೆ ನನ್ನನ್ನು ಎಷ್ಟೋ ಸಲ ಕಾಡಿದೆ. ಹಾನಿಯಾಗಬಹುದು ಎಂಬುದನ್ನು ಓದಿದ್ದು ಖಚಿತ. 'ಬೇಡ' ಎಂಬುದು ಆಮೇಲೆ ನನ್ನ ನೆನಪು ನನ್ನ ಪರವಾಗಿ ಸೇರಿಸಿಕೊಂಡ ಮಾತಿದ್ದರೂ ಇರಬಹುದು. ಸಿಟ್ಟು ಮಾಡಿಕೊಂಡವರ ನೆನಪು ಯಾವಾಗಲೂ ಅವರ ಪಕ್ಷವೇ.

ಆಟ ಚೆನ್ನಾಗಿಯೇ ಕಂಡಿತು. ಗೆದ್ದೆವೋ ಸೋತೆವೋ ನನಗೆ ನೆನಪಿಲ್ಲ. ಯೋಚಿಸಿ, ಯಾವುದಕ್ಕಾಗಿ ಅಷ್ಟೆಲ್ಲ ಆಯಿತೋ ಅದೇ ನೆನಪಿಲ್ಲ! ಮುಗಿಯುವ ಹೊತ್ತಿಗೆ ಸಿಸ್ಟಮ್ಮು ತಾನಾಗಿಯೇ ಆರಿ ಹತ್ತಿಕೊಳ್ಳಲು ಶುರುಮಾಡಿತು. ಮದುವೆಗಳ ಹೆಸರಿದ್ದ ಹಳದಿ ಫೋಲ್ಡರುಗಳನ್ನು ಒತ್ತಿದರೆ ಒಳಗೆ ಏನೂ ಇಲ್ಲ. ಮಂಜುಳಳ ಹೆಸರಿನದೂ ಖಾಲಿ. ಕೆಂಪರಾಜು ಮತ್ತವನ ಸಂಗಡಿಗರು ಚಪ್ಪಲಿ ಹುಡುಕಿಕೊಂಡು ಹೊರಟರು. ಮಾವ ಬೆವರು ಒರೆಸಿಕೊಂಡು, "ಸರಿಹೋಯ್ತದೆ ಬುಡು, ರಿಪೇರಿಯೋನ್ನ ಕರೆಸ್ತೀನಿ" ಎಂದರು. ನಾನು ಬೆಂಗಳೂರಿನ ಬಸ್ಸು ಹತ್ತಿದೆ. ಸರಿಹೋಗಿರುತ್ತದೆ ಎಂದೇ ನಂಬಿದ್ದೆ.

ಆಷಾಢ ಬಂತು. ಮಂಜುಳ ತವರಿಗೆ ಬಂದಳು. ನಾನೂ ಅವರ ಜೊತೆ ಹೋದೆ, ಫೋಟೋ ಆರಿಸುವ ಗಮ್ಮತ್ತಿಗೆ. ದೊಡ್ಡಮ್ಮ ಮದುವೆಗೆ ಉಟ್ಟಿದ್ದ ರೇಷ್ಮೆ ಸೀರೆಯನ್ನೇ ಉಟ್ಟಿದ್ದಳು, ಫೋಟೋ ನೋಡುವುದಕ್ಕೂ ಮರ್ಯಾದೆ ಬೇಕೆನ್ನುವಂತೆ. ಸ್ಟುಡಿಯೋದೊಳಗೆ ಬಂದು ಹಂಸಗಳ ಕೊಳದ ಮುಂದಿನ ಸ್ಟೂಲಿನ ಮೇಲೆ ಕೂತು, ಕನ್ನಡಕ ಒರೆಸಿಕೊಂಡು, "ಮೊದ್ಲು ಒಲೆ ತೋರ್ಸು" ಎಂದಳು.

ಮಾವ ಗೋಡೆ ನೋಡುತ್ತಾ ಹೇಳಿದರು: "ಅಕ್ಕ, ಕರೆಂಟ್ ಜಾಸ್ತಿ ಬಂದ್ಬುಟ್ಟು ಸಿಸ್ಟಮ್ ಸುಟ್ಟೋಯ್ತು ಕಣಕ್ಕ. ಯಾರ್ದೂ ಉಳೀಲಿಲ್ಲ."

ಮಂಜುಳ ಬಾಯಿಗೆ ಸೆರಗು ಒತ್ತಿಕೊಂಡಳು. ದೊಡ್ಡಮ್ಮ ಕರೆಂಟಿನವರಿಗೆ ಶಾಪ ಹಾಕಲು ಶುರುಮಾಡಿದಳು. ಅಷ್ಟರಲ್ಲಿ ನೆಂಟರನ್ನು ಮಾತಾಡಿಸಲು ಬಂದ ತಿಮ್ಮಣ್ಣ ಬಾಗಿಲಲ್ಲೇ ನಿಂತು, ಸಮಾಧಾನ ಹೇಳುವ ದನಿಯಲ್ಲಿ, "ಎಲ್ಲಿ ಕರೆಂಟವ್ವ? ಅವತ್ತು ಮ್ಯಾಚ್ ಹಾಕ್ದಾಗ ವೈರಸ್ ಬಂತು. ನಾಡಿದ್ದು ಇನ್ನೊಂದ್ ಮ್ಯಾಚ್ ಐತೆ, ಬಿರ್‍ರನೆ ರೆಡಿ ಮಾಡ್ಕೊಡು ಅಂತ ನಿನ್ ತಮ್ಮನೇ ಫಾರ್ಮ್ಯಾಟ್ ಹೊಡಿಸ್ದ. ಪಾಪ, ಆ ರಿಪೇರಿಯೋನು ಒಳ್ಗೇನಾರ ಐತಾ ಅಂತ ಕೇಳ್ತಿದ್ದ" ಎಂದ. ಯಾರ ಮೇಲೂ ದೂರು ಹೇಳುವುದು ಅವನ ಉದ್ದೇಶವಾಗಿರಲಿಲ್ಲ. ಮಾವನ ಮುಖ ನೋಡಿದ ಮೇಲೆ, ಅಂಗಡಿಯಲ್ಲಿ ಗಿರಾಕಿ ಇದ್ದಾರೆಂದು ಹೊರಟುಹೋದ.

ಫಾರ್ಮ್ಯಾಟ್ ಎಂದರೇನೆಂದು ದೊಡ್ಡಮ್ಮ ನನ್ನ ಕಡೆ ತಿರುಗಿ ಕೇಳಿದಳು. ಒಳಗಿರುವುದನ್ನೆಲ್ಲ ಅಳಿಸಿ ಹೊಸದು ಮಾಡುವುದು ಎಂದೆ. ಅವಳು ಕನ್ನಡಕ ತೆಗೆದು ಮಡಿಸಿದಳು. ಆಮೇಲೆ ದನಿ ಏರಿಸದೆ ಹೇಳಿದ್ದು ಇಷ್ಟು:

"ಮನೆ ಕೆಡವಾಕ್ ಬಂದೋರು ಎಲ್ಡು ಸಲ ನೋಟಿಸ್ ಕೊಟ್ರು ಕಣ್ಲಾ ನಂಜುಂಡ. ಮನೆ ಮುಂದ್ ನಿಂತ್ಕಂಡು, ಅಮ್ಮ, ಒಳ್ಗೇನಾರ ಐತಾ ಅಂತ ಕೇಳಿ ಆಮೇಲ್ ಜೇಸಿಬಿ ಹೊಡುದ್ರು. ನೀನು ನನ್ ತಮ್ಮ. ನೀ ಒಂದ್ ಮಾತು ಕೇಳ್ನಿಲ್ವಲ್ಲ!"

ಎದ್ದು ಹೊರಟಳು. ಮಾವ, "ಅಕ್ಕ, ಕಾಪಿ ಕುಡ್ಕಂಡ್ ಹೋಗು" ಎಂದರು. ಅದು ಅಸಹ್ಯವಾಗಿ ಕೇಳಿಸಿತು.

ನಂತರದ ವರ್ಷಗಳಲ್ಲಿ ಕಂಪ್ಯೂಟರು ಬಲ್ಲ ಸಹೋದ್ಯೋಗಿಯೊಬ್ಬರಿಗೆ ಈ ಕಥೆ ಹೇಳಿದೆ. ಅವರು ಕೇಳಿ ನಿಟ್ಟುಸಿರಿಟ್ಟರು. ಆ ಕಾಲದ ಅಂಥ ಎಷ್ಟೋ ವೈರಸ್ಸುಗಳು ಫೋಟೋಗಳನ್ನು ಅಳಿಸುತ್ತಿರಲಿಲ್ಲವಂತೆ, ಬರೀ ಮರೆಮಾಡುತ್ತಿದ್ದವಂತೆ. ಸ್ವಲ್ಪ ತಾಳ್ಮೆಯಿದ್ದಿದ್ದರೆ ತಿರುಗಿ ಸಿಗುತ್ತಿದ್ದವೋ ಏನೋ ಎಂದರು. ಖಚಿತವಿಲ್ಲ, ನೋಡದೆ ಹೇಳುವುದು ಹೇಗೆ ಎಂದೂ ಸೇರಿಸಿದರು. ಆ 'ಏನೋ' ನನ್ನ ನಿದ್ದೆಯನ್ನು ಎಷ್ಟು ತಿಂದಿದೆಯೋ. ಅಂದರೆ ಮನೆ ಆ ಪೆಟ್ಟಿಗೆಯೊಳಗೆ ಇನ್ನೂ ಇದ್ದಿರಬಹುದು. ಒಲೆ, ಅಟ್ಟ, ಕಂಬ, ಸೀಬೆಮರ, ಎಲ್ಲ. ನಾಡಿದ್ದಿನ ಮ್ಯಾಚಿನ ಅವಸರಕ್ಕೆ ಅದನ್ನು ಎರಡನೆಯ ಸಲ ಕೆಡವಿದ್ದಾಯಿತು.

ಬಿಟ್ಟಿ ಎಂಬ ಮಾತಿನ ಮೇಲೆಯೇ ನನಗೆ ಆಮೇಲಿಂದ ಅಸಹನೆ. ಬಿಟ್ಟಿ ಯಾರಿಗೆ? ಆ ಮ್ಯಾಚು ನೋಡಿದವರು ಕೆಂಪರಾಜು, ಅವನ ಸಂಗಡಿಗರು, ಮಾವ ಮತ್ತು ನಾನು. ನಾವ್ಯಾರೂ ಏನನ್ನೂ ಕಳೆದುಕೊಳ್ಳಲಿಲ್ಲ. ಕಳೆದುಕೊಂಡವಳು ಹತ್ತಾರು ಮೈಲಿ ದೂರದ ಬಾಡಿಗೆ ಮನೆಯಲ್ಲಿ ರಾಗಿ ಕೇರುತ್ತಾ ಕೂತಿದ್ದ, ಜನ್ಮದಲ್ಲಿ ಒಂದು ಬಾಲನ್ನೂ ನೋಡದ ಹೆಂಗಸು. ಯಾವುದೋ ದೇಶದಲ್ಲಿ ಕೂತು ಆ ಬಲೆ ಹೆಣೆದವನಿಗೆ ನಮ್ಮ ಆಸೆ ಗೊತ್ತಿತ್ತು, ನಾವು ಓದದೆ ಒತ್ತುತ್ತೇವೆಂಬುದೂ ಗೊತ್ತಿತ್ತು. ದೊಡ್ಡಮ್ಮ ಎಂಬೊಬ್ಬಳಿದ್ದಾಳೆ ಎಂಬುದು ಮಾತ್ರ ಅವನಿಗೆ ಗೊತ್ತಿರಲಿಲ್ಲ. ಅವನಿಗೆ ಬೈಯೋಣವೆಂದರೆ ಅವನಿಗೆ ಮುಖವಿಲ್ಲ. ಹಾಗಾಗಿ ನನ್ನ ಸಿಟ್ಟೆಲ್ಲ ಮುಖವಿರುವ ಮಾವನ ಮೇಲೆಯೇ ಹೋಗುತ್ತದೆ. ಇದು ನ್ಯಾಯವೇ ಎಂದು ಕೇಳಿಕೊಂಡಿದ್ದೇನೆ. ಪೂರ್ತಿ ನ್ಯಾಯವಲ್ಲ. ಆದರೆ ಮುಖವಿಲ್ಲದವನಿಗೆ ದೊಡ್ಡಮ್ಮ ತಿಳಿಯದು, ಮಾವನಿಗೆ ತಿಳಿದಿತ್ತು.

ಆ ಮದುವೆಯದೆಂದು ಈಗ ಉಳಿದಿರುವುದು ಒಂದೇ ಫೋಟೋ, ಬೀಗರ ಕಡೆಯವರು ಯಾರೋ ತಮ್ಮ ಪುಟ್ಟ ಕ್ಯಾಮೆರಾದಲ್ಲಿ ತೆಗೆದದ್ದು. ಅದರಲ್ಲಿ ಚಪ್ಪರದ ಗರಿಯಿದೆ, ಯಾರದೋ ಮಗುವಿನ ತಲೆಯಿದೆ. ನಡುವೆ ನಂಜುಂಡ ಮಾವ ಕ್ಯಾಮೆರಾ ಎತ್ತಿ ಹಿಡಿದು ನಮಗೆ ಬೆನ್ನು ಮಾಡಿ ನಿಂತಿದ್ದಾರೆ, ಸರಿಯಾಗಿ ತಲೆಬಾಗಿಲಿಗೆ ಅಡ್ಡವಾಗಿ. ಬಾಗಿಲಿನ ಒಂದು ಚೂರೂ ಕಾಣುವುದಿಲ್ಲ. ಅಮ್ಮ ನೀಲಿ ಎನ್ನುತ್ತಾಳೆ, ನಾನು ಹಸಿರು ಎನ್ನುತ್ತೇನೆ.

ಭಾನುವಾರ ಅವರೆಕಾಳು ಪಕ್ಕಕ್ಕಿಟ್ಟು ಕೈ ತೊಳೆದು ಮೊದಲು ದೊಡ್ಡಮ್ಮನಿಗೆ ಫೋನು ಮಾಡಿದೆ. ಮಂಜುಳ ಕೊಡಿಸಿದ ಸ್ಮಾರ್ಟ್‌ಫೋನಿನಲ್ಲಿ ಅವಳ ಮೊಮ್ಮಕ್ಕಳ ಫೋಟೋಗಳೆಲ್ಲ ಇವೆ. ಗುಂಪಿನಲ್ಲಿ ಬಂದ ಲಿಂಕು ಒತ್ತಬೇಡ ದೊಡ್ಡಮ್ಮ ಎಂದೆ.

"ನಾನ್ಯಾಕ್ ಒತ್ತನ ಮಗಾ? ಕಳ್ಸಿರೋನ್ ಯಾರು ಅಂತ ನೋಡಿ ಫೋನ್ನೇ ಬೋರಲು ಮಡಗ್ದೆ" ಎಂದು ನಕ್ಕಳು.

"ಬಾಗಿಲು ಯಾವ ಬಣ್ಣ ಇತ್ತು ದೊಡ್ಡಮ್ಮ?"

ನಗು ನಿಂತಿತು. "ಇರು, ಹೇಳ್ತೀನಿ" ಎಂದಳು. ಆ ಕಡೆ ಕುಕ್ಕರಿನ ಕೂಗು ಒಮ್ಮೆ ಕೇಳಿತು, ಮತ್ತೊಮ್ಮೆ ಕೇಳಿತು. "ಮೊದ್ಲು ಒಂದಿತ್ತು, ಮಂಜಿ ಮದ್ವೆಗೆ ಅಂತ ಹೊಸಾದ್ ಬಳಿಸಿದ್ವು. ಯಾವ್ದು ಅಂತ... ತಡಿ ಮಗಾ. ನಂಗೂ ಈಗ ಬತ್ತಾ ಇಲ್ಲ."

ಅವಳಿಗೂ ಮರೆತಿದೆ. ಬಾಗಿಲು ಹೋದದ್ದು ಜೇಸಿಬಿ ಬಂದ ದಿನವಲ್ಲ, ಮಾವ ಫಾರ್ಮ್ಯಾಟ್ ಹೊಡೆಸಿದ ದಿನವೂ ಅಲ್ಲ. ಅದು ಪೂರ್ತಿಯಾಗಿ ಹೋದದ್ದು ಈಗ, ಈ ಭಾನುವಾರ, ನನ್ನ ಕಿವಿಯಲ್ಲಿ.

ಇಷ್ಟು ವರ್ಷ ನಾನು ಮಾವನನ್ನು ಆ ವಿಷಯ ಕೇಳಿರಲಿಲ್ಲ. ವಯಸ್ಸಾಗಿದೆ, ಸ್ಟುಡಿಯೋ ಮುಚ್ಚಿದ್ದಾರೆ, ಹೋಗಲಿ ಎಂದುಕೊಂಡು ಮದುವೆ ಮುಂಜಿಗಳಲ್ಲಿ ಅವರ ಪಕ್ಕ ಕೂತು ಉಂಡಿದ್ದೇನೆ. ಅಂದು ಮಾತ್ರ ಸಾಧ್ಯವಾಗಲಿಲ್ಲ. ಗುಂಪಿನಲ್ಲಲ್ಲ, ಅವರೊಬ್ಬರಿಗೇ ಬರೆದೆ. ಮಾವ, ಫಾರ್ಮ್ಯಾಟ್ ಹೊಡಿ ಎಂದು ಹೇಳುವಾಗ ಅಕ್ಕನ ಮನೆ ಅದರೊಳಗಿದೆ ಅನ್ನೋದು ನಿನಗೆ ನೆನಪಿತ್ತಾ, ಇರಲಿಲ್ವಾ?

ಓದಿದ್ದಾರೆ. ಸಂದೇಶದ ಪಕ್ಕದ ಎರಡು ಗೀಟುಗಳು ನೀಲಿಯಾಗಿವೆ, ಈ ಒಂದು ಬಣ್ಣದ ಬಗ್ಗೆ ನನಗೆ ಅನುಮಾನವಿಲ್ಲ. ಉತ್ತರ ಇನ್ನೂ ಬಂದಿಲ್ಲ.